ಮುಖ ತೆಗೆಯದ ಕ್ಯಾಮೆರಾ

ನಮ್ಮ ಅವ್ವ ನನ್ನ ಕ್ಯಾಮೆರಾದ ಮುಂದೆ ಒಂದು ದಿನವೂ ಕೂರಲಿಲ್ಲ. ಚಿಕ್ಕಮಗಳೂರಿನ ಪೇಟೆಯಲ್ಲಿ ನನ್ನದೇ ಸ್ಟುಡಿಯೋ ಇತ್ತು. ಮಾಡಿನ ಉತ್ತರದ ಪಕ್ಕದಲ್ಲಿ ಹೆಂಚು ತೆಗೆಸಿ ಗಾಜು ಹಾಕಿಸಿದ್ದೆ. ಬೆಳಕು ಹೆಚ್ಚಾದರೆ ಎಳೆಯಲು ಕೆಳಗೆ ಬಿಳಿ ಪರದೆ ಕಟ್ಟಿದ್ದೆ. ವಸ್ತಾರೆಯಿಂದ, ಮೂಡಿಗೆರೆಯಿಂದ, ಗಿರಿಯ ತಪ್ಪಲಿನ ಎಸ್ಟೇಟುಗಳಿಂದ ಜನ ಬಂದು ಆ ಗಾಜಿನ ಕೆಳಗಿನ ಕುರ್ಚಿಯಲ್ಲಿ ಕೂತು ಹೋಗುತ್ತಿದ್ದರು. ಅದೇ ಗೋಡೆಯ ಆಚೆಗೆ ನಮ್ಮ ಅಡುಗೆಮನೆ. ಅವ್ವ ಅಲ್ಲಿಂದ ಈಚೆ ಬಂದು, ಕುರ್ಚಿಯ ಧೂಳು ಒರೆಸಿ, ಹಾಗೇ ಒಳಗೆ ಹೋಗುತ್ತಿದ್ದಳು.

ಅದಕ್ಕೆ ಕಾರಣವಿತ್ತು. ನಾನು ಮೈಸೂರಿನಲ್ಲಿ ಕೆಲಸ ಕಲಿತು ಬಂದು ತೆಗೆದ ಮೊದಲ ಒಳ್ಳೆಯ ಚಿತ್ರ ಅಪ್ಪನದು. ಪೇಟ, ಕೋಟು, ಮೊಣಕಾಲಿನ ಮೇಲೆ ಎರಡು ಕೈ. ಚಿತ್ರಕ್ಕೆ ಚೌಕಟ್ಟು ಹಾಕಿಸಿ ತರುವಷ್ಟರಲ್ಲಿ ಅಪ್ಪ ಜ್ವರ ಬಂದು ಮಲಗಿದ್ದರು. ಆ ತಿಂಗಳೇ ತೀರಿಕೊಂಡರು. ಅವ್ವ ನನ್ನನ್ನು ಯಾವತ್ತೂ ದೂರಲಿಲ್ಲ. ನಾನು ಕುರ್ಚಿ ತೋರಿಸಿದಾಗೆಲ್ಲ ನಗುತ್ತಿದ್ದಳು.

“ನಿನ್ನ ಕ್ಯಾಮೆರಾದ ಮುಂದೆ ಕೂತ್ರೆ ಹೋಗ್ಬೇಕಾಗ್ತದೆ ಮಗ. ಹೋಗೋಕೆ ನಂಗಿನ್ನೂ ಪುರುಸೊತ್ತಿಲ್ಲ.”

ಊರಿನವರ ಮುಖವೆಲ್ಲ ನನ್ನ ಪೆಟ್ಟಿಗೆಗಳಲ್ಲಿ, ಗಾಜಿನ ಪ್ಲೇಟುಗಳ ಮೇಲೆ ಇತ್ತು. ಅವ್ವನದು ಮಾತ್ರ ಇರಲಿಲ್ಲ. ಅವಳಿಗೆ ವಯಸ್ಸಾಗುತ್ತಾ ಬಂದ ಹಾಗೆ ನನಗೆ ಒಂದೇ ಯೋಚನೆ: ಇವಳು ಹೋಗುವುದರೊಳಗೆ ಒಂದು ಚಿತ್ರ ಆಗಬೇಕು.

ನನ್ನ ತಂಗಿ ನನಗಿಂತ ಬಹಳ ಚಿಕ್ಕವಳು. ಮದುವೆಗೆ ಮುಂಚೆ ನನ್ನ ಕತ್ತಲೆಕೋಣೆಯಲ್ಲಿ ಪ್ಲೇಟು ತೊಳೆದು ಒಣಗಿಸುತ್ತಿದ್ದವಳು. ಕಳಸದ ಹತ್ತಿರ ಕಾಫಿ ಎಸ್ಟೇಟು ಇರುವ ಮನೆಗೆ ಅವಳನ್ನು ಕೊಟ್ಟೆವು. ಅವಳ ಗಂಡ, ನನ್ನ ಭಾವ, ಒಳ್ಳೆಯ ಮನುಷ್ಯ, ಆದರೆ ಯಾವ ಹವ್ಯಾಸವೂ ಒಂದು ಮಳೆಗಾಲ ದಾಟುತ್ತಿರಲಿಲ್ಲ. ಪಕ್ಕದ ಎಸ್ಟೇಟಿನ ಇಂಗ್ಲಿಷ್ ದೊರೆ ತನ್ನ ದೇಶಕ್ಕೆ ಹೊರಟಾಗ ಇವರು ಅವನಿಂದ ಒಂದು ಸಿನಿಮಾ ಕ್ಯಾಮೆರಾ ತೆಗೆದುಕೊಂಡರು. ಕೀಲಿ ಕೊಟ್ಟರೆ ಗಡಿಯಾರದ ಹಾಗೆ ತಾನೇ ಓಡಿ ಅರ್ಧ ನಿಮಿಷದಲ್ಲಿ ನಿಲ್ಲುವಂಥದ್ದು. ಅದರಲ್ಲಿ ಅವರು ಒಂದು ಹಂದಿ ಬೇಟೆ ತೆಗೆದರು. ಮುಂಬಯಿಗೆ ಕಳಿಸಿ ತೊಳೆಸಿ ತಂದು ನೋಡಿದರೆ ಅದರಲ್ಲಿ ಲಂಟಾನ ಪೊದೆ ಬಿಟ್ಟು ಏನೂ ಇರಲಿಲ್ಲ. ಕ್ಯಾಮೆರಾ ಬೀರುವಿನ ಮೇಲೆ ಹೋಯಿತು. ತಂಗಿ ಅದನ್ನು ಕೆಳಗಿಳಿಸಿದಳು.

ಅವಳ ಮೊದಲ ರೀಲನ್ನು ನಾನು ಭೂತಗನ್ನಡಿ ಹಿಡಿದು ಕಿಟಕಿಯ ಬೆಳಕಿನಲ್ಲಿ ನೋಡಿದೆ. ಕಾಫಿ ಕೊಯ್ಯುವ ಹೆಂಗಸರು, ಕಣದಲ್ಲಿ ಪಾರ್ಚ್‌ಮೆಂಟ್, ಅಂದರೆ ಹಣ್ಣಿನಿಂದ ಬಿಡಿಸಿದ ಕಾಫಿ ಬೀಜ, ಹರಡುವ ಗಂಡಸರು. ಎಲ್ಲ ಸರಿ. ಆದರೆ ಯಾರಿಗೂ ಕತ್ತಿನಿಂದ ಮೇಲೆ ಏನೂ ಇರಲಿಲ್ಲ.

“ಎಲ್ಲರ ತಲೆ ಕಡಿದು ಹಾಕಿದೀಯಲ್ಲೇ ಮಾರಾಯ್ತಿ. ಹೀಗೆ ತೆಗೆದ್ರೆ ನಾನು ಅಂಗಡಿ ಮುಚ್ಚೋದೇ.”

“ನಿನ್ನ ಅಂಗಡಿಗೆ ಜನ ಮುಖ ಹೊತ್ಕೊಂಡು ಬರ್ತಾರೆ ಅಣ್ಣ. ಇಲ್ಲಿ ಕೈ ಹೊತ್ಕೊಂಡು ಬರ್ತಾರೆ.”

ತಪ್ಪಿ ಹಾಗೆ ಆಗಿದೆ, ಮುಚ್ಚಿಕೊಳ್ಳಲು ಮಾತಾಡುತ್ತಿದ್ದಾಳೆ ಎಂದುಕೊಂಡೆ. ಅಲ್ಲ. ಅವಳು ಬೇಕೆಂದೇ ಹಾಗೆ ತೆಗೆಯುತ್ತಿದ್ದಳು. “ಮುಖ ತೋರಿಸಿದ್ರೆ ಇವ್ರು ಯಾರು ಅಂತ ಕೇಳ್ತಾರೆ. ಯಾರ ಮನೆ, ಯಾವ ಜಾತಿ, ಯಾರ ಮಗಳು. ಕೈ ತೋರಿಸಿದ್ರೆ ಇವ್ರು ಎಂತ ಮಾಡ್ತಿದಾರೆ ಅಂತ ನೋಡ್ತಾರೆ” ಎಂದಳು. ನಾನು ಹತ್ತಾರು ವರ್ಷ ಕತ್ತು ಸರಿ ಮಾಡಿಸಿ, ಗಲ್ಲ ಎತ್ತಿಸಿ, ಅಲ್ಲಾಡಬೇಡಿ ಎಂದು ಹೇಳಿ ಬದುಕಿದವನು. ನನ್ನ ಕೆಲಸಕ್ಕೆ ಈ ಮಾತಿನಲ್ಲಿ ಜಾಗವೇ ಇರಲಿಲ್ಲ.

ಅವಳಿಗೆ ಇನ್ನೊಂದು ರೂಢಿ ಇತ್ತು. ಯಾವ ಕೆಲಸ ತೆಗೆಯಬೇಕೋ ಅಲ್ಲಿಗೆ ಮೊದಲ ಕೆಲವು ದಿನ ಖಾಲಿ ಕ್ಯಾಮೆರಾ ಒಯ್ಯುತ್ತಿದ್ದಳು. ಒಳಗೆ ಫಿಲ್ಮ್ ಇಲ್ಲ. ಒಂದು ಮೂಟೆಯ ಮೇಲೆ ಇಟ್ಟು, ಕೀಲಿ ಕೊಟ್ಟು, ಓಡಿಸುತ್ತಿದ್ದಳು. ಅದರ ಕಿರಕಿರ ಶಬ್ದಕ್ಕೆ ಜನ ಮೊದಲು ನಗುತ್ತಿದ್ದರು, ಸೆರಗು ಸರಿ ಮಾಡಿಕೊಳ್ಳುತ್ತಿದ್ದರು. ಆಮೇಲೆ ಜೀರುಂಡೆಯ ಶಬ್ದದ ಹಾಗೆ ಅದನ್ನು ಮರೆತುಬಿಡುತ್ತಿದ್ದರು. ಮರೆತ ಮೇಲೆ ಅವಳು ಫಿಲ್ಮ್ ತುಂಬುತ್ತಿದ್ದಳು. ನಾನು ಸ್ಟುಡಿಯೋದಲ್ಲಿ ಎಷ್ಟು ನಯವಾಗಿ ಮಾತಾಡಿದರೂ ನನ್ನ ಕ್ಯಾಮೆರಾವನ್ನು ಮರೆತವರು ಒಬ್ಬರೂ ಇಲ್ಲ.

ತೊಳೆದು ಬಂದ ರೀಲನ್ನು ಅವಳು ಕತ್ತರಿಸುತ್ತಿದ್ದಳು. ಅದನ್ನು ನೋಡಿದಾಗ ನಾನು ತಡೆಯಲು ಕೈ ಚಾಚಿದೆ, ಏಕೆಂದರೆ ಆ ಬಗೆಯ ಫಿಲ್ಮಿಗೆ ಇರುವುದು ಒಂದೇ ಪ್ರತಿ. ನನ್ನ ಪ್ಲೇಟಿನ ಹಾಗೆ ಇನ್ನೊಂದು ಅಚ್ಚು ತೆಗೆಯಲು ಬರುವುದಿಲ್ಲ. ಅವಳು ಹೊಲಿಗೆಯ ಕತ್ತರಿಯಲ್ಲಿ ಕತ್ತರಿಸಿ, ತುದಿ ಕೆರೆದು, ಅಂಟು ಹಚ್ಚಿ ಬೇರೆ ತುಂಡಿಗೆ ಸೇರಿಸುತ್ತಿದ್ದಳು. ಸೇರಿಸಿದ ರೀಲಿನಲ್ಲಿ ಒಬ್ಬಳು ಎತ್ತಿದ ಬುಟ್ಟಿಯನ್ನು ಇನ್ನೊಬ್ಬಳು ಇಳಿಸುತ್ತಿದ್ದಳು. ಮಾಗಿಯಲ್ಲಿ ಒಬ್ಬ ಎಳೆದ ಹಗ್ಗ ಬೇಸಗೆಯಲ್ಲಿ ಇನ್ನೊಬ್ಬನ ಕೈಯಲ್ಲಿ ಬಿಗಿಯಾಗುತ್ತಿತ್ತು. ಕೆಲಸ ಮುಗಿಯುತ್ತಿತ್ತು, ಮಾಡಿದವರು ಯಾರೆಂದು ಹೇಳಲು ಬರುತ್ತಿರಲಿಲ್ಲ.

ಆ ವರ್ಷದ ಕೊಯ್ಲಿಗೆ ಅವ್ವ ಮಗಳ ಮನೆಗೆ ಹೋಗಿ ಎರಡು ತಿಂಗಳು ಇದ್ದಳು. ಮತ್ತೆ ಬೇಸಗೆಯಲ್ಲಿ ಹೋದಾಗ ಅವಳನ್ನು ಕರೆತರಲು ನಾನು ಹೋದೆ. ಎಸ್ಟೇಟಿನವರ ಗುಂಪು ಚಿತ್ರ ತೆಗೆಯುವ ಕೆಲಸವೂ ಇತ್ತು. ನನ್ನ ಕೆಲಸ ಮುಗಿದ ಮಧ್ಯಾಹ್ನ ತಂಗಿ ಕಾಫಿ ಗೋಡೌನಿನಲ್ಲಿ ಎಲ್ಲರಿಗೂ ರೀಲು ತೋರಿಸಿದಳು. ಬಾಗಿಲು ಹಾಕಿ, ಮಾಡಿನ ಸಂದುಗಳಿಗೆ ಗೋಣಿ ತುರುಕಿ, ಗೋಡೆಗೆ ಪಂಚೆ ಕಟ್ಟಿದ್ದರು. ದೀಪಕ್ಕೆ ಭಾವನ ಕಾರಿನ ಬ್ಯಾಟರಿ. ರೀಲನ್ನು ತಂಗಿಯೇ ಕೈಯಲ್ಲಿ ತಿರುಗಿಸುತ್ತಿದ್ದಳು. ಕೊಯ್ಲಿನ ಹೆಂಗಸರು ನೆಲದ ಮೇಲೆ ಕೂತಿದ್ದರು. ಅವ್ವ ಮುಂದೆ, ಒಂದು ಮಣೆಯ ಮೇಲೆ.

ಪಂಚೆಯ ಮೇಲೆ ಕೈಗಳು ಬಂದ ಕೂಡಲೇ ಗಲಾಟೆ ಶುರುವಾಯಿತು.

“ಅದು ನಂದು, ನೋಡ್ರೇ, ಅಗಲದ ಬಳೆ.”

“ನಿಂದಾ? ನಿನ್ನ ಕೈ ಅಷ್ಟು ಬೇಗ ಓಡಿದ್ರೆ ಮೇಸ್ತ್ರಿ ಯಾಕೆ ದಿನಾ ಬೈತಿದ್ರು?”

“ಹೌದು ಮಾರಾಯ್ತಿ,” ಹಿಂದಿನಿಂದ ಮೇಸ್ತ್ರಿ ಹೇಳಿದ. “ಗೋಡೆ ಮೇಲೆ ಚುರುಕು. ಗಿಡದ ಹತ್ರ ಹೋದ್ರೆ ನಿದ್ದೆ.”

ಎಲ್ಲರೂ ನಕ್ಕರು. ಬೇಟೆ ಬಿಟ್ಟ ಭಾವನೂ ನಕ್ಕರು. ಆಮೇಲೆ ಬಳೆ ಇಲ್ಲದ ಎರಡು ಕೈ ಬಂದವು. ನೆನೆಸಿದ ಅವರೆಕಾಳನ್ನು ಹಿತುಕುತ್ತಿದ್ದವು. ಹೆಬ್ಬೆರಳು ಒತ್ತುತ್ತದೆ, ಸಿಪ್ಪೆ ಬೆರಳಲ್ಲಿ ಉಳಿಯುತ್ತದೆ, ಬೇಳೆ ಹಾರಿ ಪಾತ್ರೆಗೆ ಬೀಳುತ್ತದೆ. ಹೆಂಗಸರು ಸುಮ್ಮನಾದರು. ಬಳೆ ಇಲ್ಲದ ಕೈ ಯಾರದೆಂದು ಕೇಳಲು ಯಾರಿಗೂ ಬಾಯಿ ಬರಲಿಲ್ಲ.

“ಎಂತಕ್ಕೆ ಸುಮ್ನಾದ್ರಿ? ನಂದೇ ಕಣ್ರೇ,” ಎಂದಳು ಅವ್ವ ಮಣೆಯ ಮೇಲಿಂದ. “ಅವತ್ತು ಸಾರಿಗೆ ಉಪ್ಪು ಜಾಸ್ತಿಯಾಗಿತ್ತು. ಅದೂ ಬಂದಿದೆಯೋ ಏನೋ ನೋಡಿ.”

ಮತ್ತೆ ನಗು. ತಂಗಿ ಕೈ ನಿಧಾನ ಮಾಡಿದಳು. ಪಂಚೆಯ ಮೇಲೆ ಅವ್ವನ ಹೆಬ್ಬೆರಳು ಬಹಳ ನಿಧಾನವಾಗಿ ಒತ್ತಿತು, ಕಾಳು ಜಾರಿತು. ಜಾರಿದ್ದು ಅವರೆಯಾಗಿ ಉಳಿಯಲಿಲ್ಲ. ಹಣ್ಣಿನ ಸಿಪ್ಪೆಯಿಂದ ಹೊರಗೆ ಬಂದ ಕಾಫಿ ಬೀಜವಾಗಿ, ಇನ್ನೊಬ್ಬಳ ಅಂಗೈಗೆ ಬಿತ್ತು. ಆಮೇಲೆ ಹಣ್ಣು ಸುಲಿಯುವ ಪಲ್ಪಿಂಗ್ ಯಂತ್ರದ ಬಾಯಿಂದ ಸಾವಿರ ಬೀಜ, ನೀರಿನೊಡನೆ. ಅವ್ವನ ಹೆಬ್ಬೆರಳೇ ಆ ಯಂತ್ರವನ್ನು ಶುರು ಮಾಡಿದ ಹಾಗೆ ಕಂಡಿತು.

ಆ ಕತ್ತಲೆಯಲ್ಲಿ ನನಗೆ ಆದದ್ದನ್ನು ಇದ್ದ ಹಾಗೆ ಹೇಳುತ್ತೇನೆ. ಮೊದಲು ಆದದ್ದು ಸಂತೋಷವಲ್ಲ. ಅವ್ವನ ಬಲಗೈಯ ಕಿರುಬೆರಳು ತುದಿಯಲ್ಲಿ ಸ್ವಲ್ಪ ಸೊಟ್ಟ. ಹೆಬ್ಬೆರಳಿನ ಉಗುರಿನಲ್ಲಿ ಉದ್ದಕ್ಕೆ ಒಂದು ಗೀರು. ಆ ಕೈಯಿಂದ ತುತ್ತು ತಿಂದು ಬೆಳೆದವನು ನಾನು. ಅದೆರಡನ್ನೂ ಮೊದಲ ಸಲ ನೋಡಿದ್ದು ಒಂದು ಪಂಚೆಯ ಮೇಲೆ, ಕೂಲಿಯವರ ನಡುವೆ ಕೂತು, ತಂಗಿ ತೋರಿಸಿದಾಗ. ನನಗೆ ಹೊಟ್ಟೆ ಉರಿಯಿತು. ನಾನು ತಿರುಗಿ ತಂಗಿಯ ಕಡೆ ನೋಡಿದೆ. ಅವಳು ನನ್ನನ್ನು ನೋಡಲಿಲ್ಲ; ಹಿಡಿ ತಿರುಗಿಸುವುದರಲ್ಲಿದ್ದಳು.

ಮಾರನೇ ದಿನ ನಾನೂ ಅವ್ವನೂ ಬಸ್ಸಿನಲ್ಲಿ ಕೊಟ್ಟಿಗೆಹಾರ ದಾಟಿದೆವು. ಆಮೇಲೆ ಅವಳನ್ನು ಕೇಳಿದೆ.

“ಅವಳ ಕ್ಯಾಮೆರಾದ ಮುಂದೆ ಆದ್ರೆ ಕೂತೆ.”

“ಎಲ್ಲಿ ಕೂತೆ? ಅವರೆ ಹಿತುಕ್ತಿದ್ದೆ.”

“ಅದೂ ಚಿತ್ರವೇ ಅಲ್ವಾ ಅವ್ವ?”

“ಕೈ ತಾನೇ. ಕೈ ಹೋದ್ರೆ ಹೋಗ್ಲಿ.” ಅವ್ವ ಕಿಟಕಿಯಾಚೆ ನೋಡುತ್ತಾ ಇದ್ದಳು. ನನ್ನ ಕಡೆ ತಿರುಗಿ, “ನೀನು ಅಲ್ಲಾಡಬೇಡ ಅಂತೀಯ ಮಗ. ಅವಳು ಏನೂ ಅನ್ನಲ್ಲ” ಎಂದಳು.

ಅವ್ವ ಇದನ್ನು ಕೊಂಕಿನಿಂದ ಹೇಳಲಿಲ್ಲ. ಹಾಗೆ ಹೇಳಿದ್ದರೆ ಸುಲಭವಿತ್ತು.

ನಾನು ತಂಗಿಯನ್ನು ಒಂದು ವಿಷಯ ಕೇಳಿಕೊಂಡೆ. ಮುಂದಿನ ಕೊಯ್ಲಿಗೆ ಅವ್ವನನ್ನು ಬಿಡಲು ಹೋದಾಗ, ಕಣದ ಅಂಚಿನಲ್ಲಿ ನಿಂತು ಕೇಳಿದೆ. ಅವ್ವ ಕೆಲಸ ಮಾಡುವಾಗ ಅವಳಿಗೆ ಗೊತ್ತಾಗದ ಹಾಗೆ ಕ್ಯಾಮೆರಾವನ್ನು ಒಂದು ಗೇಣು ಮೇಲೆತ್ತು. ಅರ್ಧ ನಿಮಿಷ ಬೇಡ, ಒಂದು ಉಸಿರಿನಷ್ಟು ಹೊತ್ತು ಸಾಕು. ಆ ತುಂಡಿನಿಂದ ನಾನು ದೊಡ್ಡ ಚಿತ್ರ ಮಾಡಿಕೊಳ್ಳುತ್ತೇನೆ.

“ಆಗಲ್ಲ ಅಣ್ಣ. ಮುಖ ತೆಗೆಯಲ್ಲ ಅಂತ ಅವ್ವಂಗೆ ಮಾತು ಕೊಟ್ಟಿದೀನಿ. ಅದಕ್ಕೇ ಅವಳು ಮರೆತು ಕೆಲಸ ಮಾಡೋದು.”

“ಅವಳು ಹೋದ್ಮೇಲೆ ನಮ್ಮ ಹತ್ರ ಏನಿರ್ತದೆ?”

“ನನ್ನ ಹತ್ರ ಇದೆಯಲ್ಲ.”

ನಮ್ಮ ಹತ್ರ ಎನ್ನಲಿಲ್ಲ. ಆ ದಿನ ನಾನು ಊಟ ಮಾಡದೆ ಬಸ್ಸು ಹತ್ತಿದೆ. ಬೆಳಕು ಎಂದರೇನು ಎಂದು ನಾನೇ ಕಲಿಸಿದ ಹುಡುಗಿ. ಅವಳಲ್ಲಿ ಅವ್ವ ಇದ್ದಾಳೆ, ನನ್ನಲ್ಲಿ ಇಲ್ಲ.

ಮರುವರ್ಷ, ಹೂಮಳೆ ಬಿದ್ದು ಗಿರಿಯೆಲ್ಲ ಕಾಫಿ ಹೂವಿನಿಂದ ಬೆಳ್ಳಗಾಗಿದ್ದಾಗ, ಅವ್ವ ನನ್ನ ಮನೆಯಲ್ಲಿ ತೀರಿಕೊಂಡಳು. ಬೆಳಿಗ್ಗೆ ಹಾಲು ಕಾಯಿಸಿ ಇಳಿಸಿ, ಒಲೆಯ ಪಕ್ಕ ಒರಗಿ ಕೂತವಳು ಏಳಲಿಲ್ಲ. ತಂಗಿಯೂ ಭಾವನೂ ಮಧ್ಯಾಹ್ನಕ್ಕೆ ಕಾರಿನಲ್ಲಿ ಬಂದರು. ಬೀದಿಯ ಹಿರಿಯರೊಬ್ಬರು ನನ್ನನ್ನು ಪಕ್ಕಕ್ಕೆ ಕರೆದರು.

“ಊರವರ ಹೆಣಕ್ಕೆಲ್ಲ ಫೋಟೋ ತೆಗೀತೀಯ. ನಿನ್ನ ತಾಯಿಗೆ ತೆಗೀದೆ ಇರ್ತೀಯೇನೋ?”

ಅದು ನನ್ನ ಕಸುಬಿನ ಒಂದು ಭಾಗ. ಬದುಕಿರುವಾಗ ಚಿತ್ರ ತೆಗೆಸಿಕೊಳ್ಳದವರು ಹೋದ ದಿನ ಮನೆಯವರು ಆಳು ಕಳಿಸುತ್ತಿದ್ದರು. ಹೆಣವನ್ನು ಗೋಡೆಗೆ ಒರಗಿಸಿ ಕೂರಿಸಿ, ಹೂವು ಹಾಕಿ, ಮನೆಯವರು ಅಕ್ಕಪಕ್ಕ ನಿಲ್ಲುತ್ತಿದ್ದರು. ನಾನು ತೆಗೆಯುತ್ತಿದ್ದೆ. ಅವ್ವನನ್ನೂ ಹಾಗೆ ಕೂರಿಸಿದರು. ಭಾವ ಹಿಂದಿನಿಂದ ಹೆಗಲು ಹಿಡಿದರು. ತಂಗಿ ಕ್ಯಾಮೆರಾ ತಂದಿರಲಿಲ್ಲ. ಅವ್ವನ ಕೈಗಳನ್ನು ಮಡಿಲಲ್ಲಿ ಸರಿಯಾಗಿ ಜೋಡಿಸಿ ಅವಳು ಈಚೆಗೆ ಬಂದು ನಿಂತಳು. ನಾನು ಕಪ್ಪು ಬಟ್ಟೆಯೊಳಗೆ ತಲೆ ಹಾಕಿದೆ. ಕ್ಯಾಮೆರಾದ ಹಿಂದಿನ ಗಾಜಿನ ಮೇಲೆ ಅವ್ವ ತಲೆಕೆಳಗಾಗಿ ಕಂಡಳು. ಎಲ್ಲರೂ ನನಗೆ ಹಾಗೇ ಕಾಣುತ್ತಿದ್ದದ್ದು. ಅವತ್ತು ಮಾತ್ರ ನಾನು ಬಟ್ಟೆಯಿಂದ ತಲೆ ಈಚೆಗೆ ತೆಗೆದು, ಅವಳನ್ನು ನೇರವಾಗಿ ಒಮ್ಮೆ ನೋಡಿ, ಮತ್ತೆ ಒಳಗೆ ಹೋದೆ.

ಪ್ಲೇಟು ತೊಳೆದಾಗ ಪಕ್ಕದಲ್ಲಿ ನಿಂತವರೆಲ್ಲ ಉಸಿರಾಡಿದ ಕಾರಣಕ್ಕೆ ಒಂಚೂರು ಮಸುಕಾಗಿದ್ದರು. ಅವ್ವ ಮಾತ್ರ ಕೂದಲು ಕೂದಲೂ ಸ್ಪಷ್ಟವಾಗಿ ಬಂದಿದ್ದಳು. ನನ್ನ ಕೈಯಿಂದ ಅಷ್ಟು ಚೊಕ್ಕವಾದ ಮುಖ ಅದುವರೆಗೆ ಬಂದಿರಲಿಲ್ಲ.

ಇನ್ನು ಕಣ್ಣಿನ ಕೆಲಸ ಉಳಿದಿತ್ತು. ಸತ್ತವರ ಚಿತ್ರವನ್ನು ಕಣ್ಣು ಮುಚ್ಚಿದ ಹಾಗೆ ಯಾರೂ ಗೋಡೆಗೆ ಹಾಕುವುದಿಲ್ಲ. ಅಚ್ಚಿನ ಮೇಲೆ, ಮುಚ್ಚಿದ ರೆಪ್ಪೆಯ ಜಾಗದಲ್ಲಿ, ಸಣ್ಣ ಕುಂಚದಿಂದ ತೆರೆದ ಕಣ್ಣು ಬರೆಯಬೇಕು. ಮೊದಮೊದಲು ನಾನು ಮನೆಯವರನ್ನು ಕೇಳುತ್ತಿದ್ದೆ, ಅವರ ಕಣ್ಣು ಹೇಗಿತ್ತು ಎಂದು. ಮಗ ದೊಡ್ಡದು ಎನ್ನುತ್ತಿದ್ದ, ಸೊಸೆ ಸಣ್ಣದು ಎನ್ನುತ್ತಿದ್ದಳು. ಜಗಳವಾಗುತ್ತಿತ್ತು. ಅದಕ್ಕೆ ಒಂದು ಜೊತೆ ಕಣ್ಣು ನಾನೇ ರೂಢಿ ಮಾಡಿಕೊಂಡೆ. ಸ್ವಲ್ಪ ಸೋತ, ಸ್ವಲ್ಪ ಕರುಣೆಯ ಕಣ್ಣು. ಅದನ್ನೇ ಎಲ್ಲರಿಗೂ ಬರೆಯುತ್ತಿದ್ದೆ. ಯಾರೂ ಅಲ್ಲವೆನ್ನಲಿಲ್ಲ. ಎಲ್ಲರೂ ನೋಡಿ ಅತ್ತರು. ಹೀಗಾಗಿ ಆ ಸೀಮೆಯ ಎಷ್ಟೋ ಮನೆಯ ಗೋಡೆಗಳಿಂದ ಒಬ್ಬನೇ ಮನುಷ್ಯ ನೋಡುತ್ತಿದ್ದ.

ಆ ಕಣ್ಣನ್ನು ಅವ್ವನಿಗೆ ಬರೆಯಲು ಕುಂಚ ಅದ್ದಿದೆ. ಕೈ ತಾನಾಗಿಯೇ ಅದನ್ನು ಶುರು ಮಾಡಿತು. ನಿಲ್ಲಿಸಿದೆ. ಹಾಗಾದರೆ ಯಾವ ಕಣ್ಣು? ಅವ್ವನ ಕಣ್ಣು ಹೇಗಿತ್ತು? ನೆನಪು ಮಾಡಿಕೊಳ್ಳಲು ಕೂತರೆ ಅವಳ ನಗು ಬಂತು, ಧ್ವನಿ ಬಂತು, ಕುರ್ಚಿ ಒರೆಸುವ ಬೆನ್ನು ಬಂತು. ಕಣ್ಣಿನ ಜಾಗದಲ್ಲಿ ನಾನು ರೂಢಿ ಮಾಡಿಕೊಂಡ ಕಣ್ಣೇ ಬಂದು ಕೂರುತ್ತಿತ್ತು. ನನಗೆ ಹೆದರಿಕೆಯಾಯಿತು.

ವರ್ಷದ ತಿಥಿಯ ಒಳಗೆ ಚಿತ್ರ ಗೋಡೆಯ ಮೇಲೆ ಇರಬೇಕಿತ್ತು. ಕೊನೆಗೆ ನಾನು ಕಳಸಕ್ಕೆ ಹೋದೆ. ಗೋಡೌನಿನ ಬಾಗಿಲು ಹಾಕಿಸಿ, ಅವ್ವ ಇರುವ ರೀಲುಗಳನ್ನೆಲ್ಲ ತೋರಿಸು ಎಂದೆ. ತಂಗಿ ತೋರಿಸಿದಳು. ಬಾಳೆನಾರು ಸೀಳುವ ಕೈ, ಸೇವಂತಿಗೆ ಕಟ್ಟುವ ಕೈ, ಅವರೆ. ನಾನು ಮತ್ತೆ ತಿರುಗಿಸು ಎಂದೆ. ಎಲ್ಲಾದರೂ ಒಂದು ಕಡೆ ಅವಳ ಕೈ ತಪ್ಪಿ ಕ್ಯಾಮೆರಾ ಮೇಲೆ ಹೋಗಿರಬಹುದು ಎಂದು ನೋಡಿದೆ. ಹೋಗಿರಲಿಲ್ಲ. ಅವಳು ಕೊಟ್ಟ ಮಾತನ್ನು ಒಂದು ಕೂದಲೆಳೆಯಷ್ಟೂ ತಪ್ಪಿರಲಿಲ್ಲ. ಒಂದು ತುಂಡಿನಲ್ಲಿ ಅವ್ವನ ಕೈ ಕೆಲಸ ಬಿಟ್ಟು ಮೇಲೆದ್ದು, ಬೆರಳು ಬಿಡಿಸಿ, ಏನೋ ವಿವರಿಸಿತು. ಮಾತಿಲ್ಲದ ರೀಲು. ಏನು ಹೇಳಿದಳೋ ತಂಗಿಗೆ ಮಾತ್ರ ಗೊತ್ತು. ನಾನು ಕೇಳಲಿಲ್ಲ.

“ಒಂದು ಸಹಾಯ ಮಾಡು,” ಎಂದೆ. “ಸ್ಟುಡಿಯೋಕ್ಕೆ ಬಂದು ನನ್ನ ಎದುರು ಕೂತ್ಕೋ. ನಿನ್ನ ಕಣ್ಣು ಅವ್ವನ ಹಾಗೆ ಅಂತ ನಮ್ಮ ಚಿಕ್ಕಮ್ಮ ಹೇಳ್ತಾರೆ. ನೋಡಿ ಬರ್ಕೊಳ್ತೀನಿ.”

ಇಷ್ಟು ಕೇಳಲು ನನಗೆ ಆ ಇಡೀ ದಿನ ಬೇಕಾಗಿತ್ತು. ಎಲ್ಲ ಅವಳಿಗೇ ಸಿಕ್ಕಿತ್ತು, ಕಣ್ಣು ಕೂಡ; ಈಗ ಅದನ್ನೂ ಅವಳಿಂದಲೇ ಸಾಲ ತರಬೇಕು.

ಅವಳು ಬಂದಳು. ಗಾಜಿನ ಕೆಳಗಿನ ಕುರ್ಚಿಯಲ್ಲಿ ಕೂತಳು. ನಾನು ಅವ್ವನ ಅಚ್ಚನ್ನು ಹಲಗೆಯ ಮೇಲಿಟ್ಟು, ಅವಳ ಕಣ್ಣು ನೋಡಿ ನೋಡಿ ಬರೆದೆ. ಹೊರ ತುದಿ ಕೊಂಚ ಇಳಿದ ಕಣ್ಣು, ಕೆಳಗೆ ಒಂದು ಮಡಿಕೆ. ಎರಡು ಕಣ್ಣಿಗೆ ಒಂದು ಬೆಳಗು ಪೂರ್ತಿ ಹಿಡಿಯಿತು. ಆ ಹೊತ್ತಿನಲ್ಲಿ ನಾನು ಅಲ್ಲಾಡಬೇಡ ಎಂದು ಒಮ್ಮೆಯೂ ಹೇಳಲಿಲ್ಲ. ಅವಳು ಅಲ್ಲಾಡಲೂ ಇಲ್ಲ.

ಮುಗಿದ ಮೇಲೆ ಅವಳು ಎದ್ದು ಬಂದು ನನ್ನ ಭುಜದ ಹಿಂದೆ ನಿಂತು ಬಹಳ ಹೊತ್ತು ನೋಡಿದಳು.

“ಇದು ನಾನು ಅಣ್ಣ,” ಎಂದಳು. “ಅವ್ವ ಅಲ್ಲ.”

“ಹಾಗಾದ್ರೆ ಅವ್ವಂದು ಹೇಗಿತ್ತು ಹೇಳು. ತಿದ್ದುತೀನಿ.”

ಅವಳು ಹಿಂದಕ್ಕೆ ಹೋಗಿ ಕುರ್ಚಿಯಲ್ಲಿ ಕೂತಳು.

“ನಂಗೂ ನೆನಪು ಬರ್ತಿಲ್ಲ.” ಧ್ವನಿ ಬಹಳ ಸಣ್ಣದಾಗಿತ್ತು. “ನಾನು ಅಷ್ಟೂ ದಿನ ಕೈ ನೋಡ್ತಿದ್ದೆ.”

ನನಗೆ ಮೊದಲು ಆದದ್ದು ಸಮಾಧಾನ. ಅದನ್ನು ಬಚ್ಚಿಟ್ಟರೆ ಈ ಬರಹಕ್ಕೆ ಅರ್ಥವಿಲ್ಲ. ಅವಳಿಗೂ ಸಿಗಲಿಲ್ಲ ಎಂಬ ಸಮಾಧಾನ. ಅದು ಬೀದಿಯಲ್ಲಿ ಒಂದು ಗಾಡಿ ದಾಟಿ ಹೋಗುವಷ್ಟು ಹೊತ್ತು ಇತ್ತು. ಆಮೇಲೆ ಅವಳ ಮುಖ ನೋಡಿದೆ. ಇಬ್ಬರ ಹತ್ತಿರವೂ ಕ್ಯಾಮೆರಾ ಇತ್ತು, ಮತ್ತು ಅವ್ವ ಎಷ್ಟೋ ವರ್ಷ ನಮ್ಮಿಬ್ಬರನ್ನೂ ಆ ಕಣ್ಣಿನಿಂದ ನೋಡಿದ್ದಳು.

ಹತ್ತಿಯನ್ನು ನೀರಿನಲ್ಲಿ ಅದ್ದಿ ಅಚ್ಚಿನ ಮೇಲಿನ ಬಣ್ಣ ಒರೆಸಿದೆ. ಬಲಗಣ್ಣು ಸುಲಭವಾಗಿ ಹೋಯಿತು. ಎಡಗಣ್ಣಿಗೆ ಎರಡು ಸಲ ಒರೆಸಬೇಕಾಯಿತು. ಒಳಗಿನ ಮುಚ್ಚಿದ ರೆಪ್ಪೆ ಹಾಗೇ ಇತ್ತು. ತಂಗಿ ಅದನ್ನು ಗಾಳಿಗೆ ಹಿಡಿದು ಒಣಗಿಸಿದಳು, ಮದುವೆಗೆ ಮುಂಚೆ ಒಣಗಿಸುತ್ತಿದ್ದ ಹಾಗೆ, ಅಂಚಿನಲ್ಲಿ ಮಾತ್ರ ಹಿಡಿದು.

ತಿಥಿಯ ದಿನ ಚಿತ್ರವನ್ನು ಅಪ್ಪನ ಪಕ್ಕ ಹಾಕಿದೆವು. ಚಿಕ್ಕಮ್ಮ ಅದರ ಮುಂದೆ ನಿಂತು ನನ್ನ ಕಡೆ ತಿರುಗಿದರು.

“ಊರಿಗೆಲ್ಲ ಕಣ್ಣು ತೆರೆಸ್ತೀಯ. ನಿನ್ನ ಅವ್ವನ್ನ ಮಾತ್ರ ಮಲಗಿಸಿಬಿಟ್ಟೆ, ಅಲ್ವೇನೋ?”

ತಂಗಿ ಎಲೆ ಹಾಕುತ್ತಿದ್ದವಳು ಅಲ್ಲಿಂದಲೇ, “ಇರ್ಲಿ ಬಿಡಿ ಚಿಕ್ಕಮ್ಮ. ನಾವಿಬ್ರೂ ನೋಡಿ ಹೀಗೇ ಇರ್ಲಿ ಅಂದ್ವಿ” ಎಂದಳು.